ಅಂಚು ಒಡೆಯದ ರೊಟ್ಟಿ

ನಾನು ರೊಟ್ಟಿಯನ್ನು ಮೊದಲು ಮಗುಚಿ ನೋಡಿದೆ. ಇದು ಕಾನ್ವೆಂಟಿನಲ್ಲಿ ಅಂಟಿದ ಚಾಳಿ. ನಮಗೆ ಕಸೂತಿ ಕಲಿಸುತ್ತಿದ್ದ ಸಿಸ್ಟರ್ ಬಟ್ಟೆಯ ಮುಂಭಾಗದ ಹೂವನ್ನು ನೋಡುತ್ತಲೇ ಇರಲಿಲ್ಲ. ತಿರುವಿ ಹಾಕಿ, ಹಿಂಬದಿಯ ಗಂಟುಗಳ ಮೇಲೆ ಬೆರಳಾಡಿಸಿ ಮಾರ್ಕ್ಸ್ ಕೊಡುತ್ತಿದ್ದರು. ಅವರು ಹೋಗಿ ಎಷ್ಟೋ ವರ್ಷಗಳಾದವು. ಆದರೂ ಯಾವ ಚೆಂದದ ವಸ್ತು ಕೈಗೆ ಬಂದರೂ ನನ್ನ ಬೆರಳು ಅದರ ಹಿಂಬದಿಗೇ ಹೋಗುತ್ತದೆ.

ಕಲಬುರಗಿಯ ಒಂದು ಸ್ಟಾರ್ಟಪ್ ಸೆಂಟರಿನ ಎ.ಸಿ. ಹಾಲ್ ಅದು. ನಾನು ಮಹಿಳಾ ಕಾಲೇಜಿನಲ್ಲಿ ಫುಡ್ ಸೈನ್ಸ್ ಕಲಿಸಿ ರಿಟೈರ್ ಆದವಳು. ತಿನ್ನುವ ಪದಾರ್ಥದ ಅರ್ಜಿ ಬಂದಾಗಲೆಲ್ಲ ಸೆಂಟರಿನವರು ನನ್ನನ್ನು ಕಮಿಟಿಯಲ್ಲಿ ಕೂರಿಸುತ್ತಾರೆ. ಇನ್ನೊವೇಶನ್, ಇಕೋಸಿಸ್ಟಮ್, ಸ್ಕೇಲ್ ಅಪ್ ಅನ್ನುವ ಮಾತುಗಳನ್ನು ಅಲ್ಲಿ ಎಷ್ಟು ಕೇಳಿದ್ದೇನೆಂದರೆ, ಆ ಪದಗಳು ಬಂದ ಕೂಡಲೇ ನನಗೆ ಯಾರೋ ಏನನ್ನೋ ಮುಚ್ಚಿಡುತ್ತಿದ್ದಾರೆ ಎಂದೇ ಅನಿಸತೊಡಗುತ್ತದೆ.

ಅಂದು ಎದುರಿಗೆ ನಿಂತಿದ್ದವಳು ಮಹಾಗಾಂವದ ಕಡೆಯ ಒಬ್ಬ ಇಂಜಿನಿಯರ್ ಹುಡುಗಿ. ಕಮಲಾಪುರದಲ್ಲಿ ಶೆಡ್ ಹಿಡಿದು, ಜೋಳದ ರೊಟ್ಟಿ ಬಡಿಯುವ ಮಷಿನ್ ಮಾಡಿದ್ದಳು. ಅವಳು ಆ ದೊಡ್ಡ ಪದಗಳನ್ನು ಒಂದು ಸಲವೂ ಆಡಲಿಲ್ಲ. "ಬರೇ ಜ್ವಾಳ, ಬರೇ ಬಿಸಿನೀರು ರೀ. ಬ್ಯಾರೆ ಏನೂ ಹಾಕಂಗಿಲ್ಲ" ಎಂದಷ್ಟೇ ಹೇಳಿ ರೊಟ್ಟಿಯ ಕಟ್ಟನ್ನು ಟೇಬಲ್ ಮೇಲಿಟ್ಟಳು.

ರೊಟ್ಟಿ ತೆಳ್ಳಗಿತ್ತು, ದುಂಡಗಿತ್ತು. ಸುತ್ತಲೂ ಬೆರಳಾಡಿಸಿದೆ. ಅಂಚಿನಲ್ಲಿ ಒಂದೇ ಒಂದು ಬಿರುಕಿರಲಿಲ್ಲ. ನನ್ನ ಸಂಶಯ ಹುಟ್ಟಿದ್ದು ಅಲ್ಲೇ.

ಜೋಳದಲ್ಲಿ ಗೋಧಿಯ ಹಾಗೆ ಗ್ಲುಟನ್ ಇಲ್ಲ, ಅಂದರೆ ಹಿಟ್ಟನ್ನು ಹಿಡಿದಿಡುವ ಅಂಟಿಲ್ಲ. ಬಿಸಿನೀರಲ್ಲಿ ನಾದಿದಾಗ ಬರುವ ತಾತ್ಕಾಲಿಕ ಜಿಗಿಯನ್ನು ನಂಬಿಕೊಂಡು, ಹೆಂಗಸರು ಅಂಗೈಯಲ್ಲಿ ಬಡಿಯುತ್ತ, ತಿರುಗಿಸುತ್ತ, ಒಡೆದ ಅಂಚನ್ನು ಇನ್ನೊಂದು ಕೈಯಿಂದ ಕೂಡಿಸುತ್ತ ಹೋಗುತ್ತಾರೆ. ಮಷಿನ್ ಒತ್ತುತ್ತದೆ. ಒತ್ತಿದರೆ ಜೋಳ ಒಡೆಯುತ್ತದೆ. ಒಡೆಯಬಾರದೆಂದು ಮಷಿನಿನವರು ಗುಟ್ಟಾಗಿ ಮೈದಾ ಸೇರಿಸುತ್ತಾರೆ. ಇಂಥ ಮೂರು ಮಷಿನುಗಳನ್ನು ನಾನು ಹಿಂದೆಯೇ ನೋಡಿದ್ದೆ. ಮೂರರ ಹಿಟ್ಟಿನಲ್ಲೂ ಮೈದಾ ಇತ್ತು.

ಈ ಬಾರಿ ಅದು ಬರೀ ಮೋಸದ ಪ್ರಶ್ನೆಯಾಗಿರಲಿಲ್ಲ. ನಗರದ ಒಂದು ಆಸ್ಪತ್ರೆಯ ಡಯಟ್ ಕಿಚನ್ ಅವಳ ರೊಟ್ಟಿಯನ್ನು ದಿನಾ ಕೊಳ್ಳಲು ತಯಾರಿತ್ತು. ಗೋಧಿ ಒಗ್ಗದ ಮಕ್ಕಳಿಗೆ ಬಡಿಸಲು. ಗೋಧಿಯ ಒಂದಿಷ್ಟು ಅಂಶ ಹೊಟ್ಟೆಗೆ ಹೋದರೂ ಆ ಮಕ್ಕಳು ಹಾಸಿಗೆ ಹಿಡಿಯುತ್ತಾರೆ. ಕಮಿಟಿಯ ಸರ್ಟಿಫಿಕೇಟ್ ಇದ್ದರೆ ಮಾತ್ರ ಆರ್ಡರ್.

ನಿಯಮದಂತೆ ಅವಳು ರೊಟ್ಟಿಯ ಜೊತೆ ಒಂದು ಸಣ್ಣ ಚೀಲ ಹಿಟ್ಟನ್ನೂ ಕೊಟ್ಟಿದ್ದಳು. ಅದನ್ನು ನನ್ನ ಹಳೆಯ ಕಾಲೇಜಿನ ಲ್ಯಾಬಿಗೆ ಒಯ್ದೆ. ಪರೀಕ್ಷೆ ಬಹಳ ಸರಳ. ಹಿಟ್ಟನ್ನು ತಣ್ಣೀರಲ್ಲೇ ಕಲಸಬೇಕು, ಬಿಸಿನೀರು ಬಿದ್ದರೆ ಗ್ಲುಟನ್ ಕೆಡುತ್ತದೆ. ಉಂಡೆಯನ್ನು ಸ್ವಲ್ಪ ಹೊತ್ತು ಬಿಟ್ಟು, ಮಲ್‌ಮಲ್ ಬಟ್ಟೆಯಲ್ಲಿ ಕಟ್ಟಿ, ನಲ್ಲಿಯ ಕೆಳಗೆ ಹಿಡಿದು ಹಿಸುಕುತ್ತ ತೊಳೆಯಬೇಕು. ಜೋಳವಾದರೆ ಹಾಲಿನಂಥ ನೀರೆಲ್ಲ ಹರಿದುಹೋಗಿ ಬಟ್ಟೆಯಲ್ಲಿ ಬರೀ ತೌಡು ಉಳಿಯುತ್ತದೆ. ಗೋಧಿಯಿದ್ದರೆ ರಬ್ಬರಿನಂಥ ಅಂಟು ಉಳಿಯುತ್ತದೆ.

ಬಟ್ಟೆ ಬಿಚ್ಚಿದೆ. ಬೂದುಬಣ್ಣದ ಎಳೆಗಳು ಬಟ್ಟೆಗೆ ಅಂಟಿಕೊಂಡಿದ್ದವು. ಎಳೆದರೆ ಹಿಗ್ಗಿದವು.

ಮೈಕ್ರೋಸ್ಕೋಪಿನ ಕೆಳಗೂ ಅದೇ ಕಥೆ. ಜೋಳದ ಪಿಷ್ಟದ ಕಣಗಳು ಒಡೆದ ಕಲ್ಲುಸಕ್ಕರೆಯ ಹಾಗೆ ಮೂಲೆಮೂಲೆಯಾಗಿರುತ್ತವೆ. ಅವುಗಳ ನಡುನಡುವೆ ಗೋಧಿಯ ದುಂಡು ಬಿಲ್ಲೆಗಳು ಕುಳಿತಿದ್ದವು, ಕರೆಯದ ಮದುವೆಗೆ ಬಂದವರಂತೆ.

ಮರುದಿನ ಹುಡುಗಿಯನ್ನು ಸೆಂಟರಿಗೆ ಕರೆಸಿದೆವು. ಬಟ್ಟೆಯನ್ನು ಅವಳ ಮುಂದೆ ಹಿಡಿದೆ.

"ಇದೇನಮ್ಮಾ?"

ಅವಳು ಎಳೆಯನ್ನು ಮುಟ್ಟಿ ನೋಡಿದಳು. ಮುಖ ಬಿಳಚಿಕೊಂಡಿತು. "ಮೇಡಂರಿ, ಅದು ನಮ್ಮ ಹೊಲದ ಜ್ವಾಳರೀ. ಮೈದಾ ಹಾಕಿದ್ರ ನನ್ನ ಕೈ ಉದುರ್ಲಿ."

ವೈವಾದಲ್ಲಿ ಮೊದಲು ಆಣೆ ಹಾಕುವ ಹುಡುಗಿಯರನ್ನು ನಾನು ಬಹಳ ನೋಡಿದ್ದೇನೆ. "ಕೈ ಇರಲಿ. ಗೋಧಿ ಹೆಂಗ ಬಂತು ಹೇಳು" ಎಂದೆ.

"ಗೊತ್ತಿಲ್ರಿ." ಆಮೇಲೆ ದನಿ ತಗ್ಗಿಸಿ ಹೇಳಿದಳು. "ಆಸ್ಪತ್ರಿ ಆರ್ಡರ್ ನಂಬಿ ನಮ್ಮ ಹೆಣ್ಮಕ್ಕಳು ಈ ಸಲ ತೊಗರಿ ಕೊಯ್ಲಿಗಿ ಹೋಗಿಲ್ರಿ. ಅವರನ್ನ ನಾನೇ ಬಿಡಿಸೀನಿ. ಈಗ ಅವರಿಗಿ ಏನ್ ಹೇಳ್ಲಿರಿ?"

ಅವಳು ಹೊರಗೆ ಹೋದ ಮೇಲೆ ಸೆಂಟರಿನ ಮ್ಯಾನೇಜರ್ ಕುರ್ಚಿ ಎಳೆದುಕೊಂಡು ಹತ್ತಿರ ಬಂದ. ಬಿಸಿಲಲ್ಲೂ ಬ್ಲೇಜರ್ ಹಾಕುವ ಯುವಕ, ಒಳ್ಳೆಯ ಮಾತುಗಾರ. "ಮೇಡಂ, ಅಷ್ಟ್ಯಾಕ ತಲಿಬಿಸಿ? ಇನ್ನೊಂದು ಸ್ಯಾಂಪಲ್ ತರಿಸೋಣ. ಅದು ಪಾಸ್ ಆಗ್ತದ. ಇದನ್ನ ಮರತಬಿಡ್ರಿ. ಒಂದು ಸಕ್ಸೆಸ್ ಸ್ಟೋರಿ ಬೇಕಾಗ್ಯದ ನಮಗ."

"ಇನ್ನೊಂದು ಪಾಸ್ ಆಗ್ತದ ಅಂತ ನಿನಗ ಮೊದಲೇ ಹೆಂಗ ಗೊತ್ತು?"

ಅವನು ನಕ್ಕ. ಆ ನಗು ನನಗೆ ಸರಿಬೀಳಲಿಲ್ಲ. ಅವತ್ತಿನಿಂದ ನನ್ನ ಸಂಶಯದ ಪಟ್ಟಿಯಲ್ಲಿ ಅವನೂ ಸೇರಿದ. ರಿಜೆಕ್ಟ್ ಎಂದು ಬರೆದು ಕೈತೊಳೆದುಕೊಳ್ಳುವುದು ಸುಲಭವಿತ್ತು. ಮರೆತುಬಿಡುವುದು ಅದಕ್ಕಿಂತ ಸುಲಭ. ನಾನು ಎರಡೂ ಮಾಡದೆ, ಆ ಹಿಟ್ಟು ಬಂದ ದಾರಿಯಲ್ಲೇ ಹಿಂದಕ್ಕೆ ಹೋಗಿ ನೋಡುವುದೆಂದು ನಿರ್ಧರಿಸಿದೆ. ಯಾರಿಗೂ ಹೇಳಲಿಲ್ಲ.

ಬೆಳಿಗ್ಗೆ ಹುಮನಾಬಾದ ಕಡೆಗೆ ಹೋಗುವ ಬಸ್ ಹತ್ತಿದೆ. ಬ್ಯಾಗಿನಲ್ಲಿ ಮಲ್‌ಮಲ್ ಬಟ್ಟೆಗಳು, ಹೋಲಿಸಲು ಒಂದಿಷ್ಟು ಗೋಧಿಹಿಟ್ಟು, ಮತ್ತು ನಮ್ಮ ಮನೆಯ ಡಬ್ಬಿಯಿಂದಲೇ ತೆಗೆದ ಜೋಳದ ಹಿಟ್ಟು ಇದ್ದವು. ಅವಳ ಮಷಿನ್ ನನ್ನ ಹಿಟ್ಟನ್ನು ಒಡೆಯದೆ ಬಡಿದು ತೋರಿಸಲಿ, ಆಮೇಲೆ ನಂಬೋಣ ಎಂಬುದು ನನ್ನ ಪ್ಲಾನ್. ತಿಂಡಿ ಆಗಿರಲಿಲ್ಲ. ದಾರಿಯಲ್ಲಿ ಬಿಸ್ಕೀಟ್ ತಿಂದೆ. ಮಹಾಗಾಂವ ಕ್ರಾಸ್ ದಾಟಿದ ಮೇಲೆ ಎರಡೂ ಕಡೆ ತೊಗರಿ ಒಣಗಿ ಕೊಯ್ಲಿಗೆ ನಿಂತಿತ್ತು. ಹೊಲಗಳಲ್ಲಿ ಹೆಂಗಸರು ಸಾಲಾಗಿ ಬಗ್ಗಿದ್ದರು. ಹುಡುಗಿ ಬಿಡಿಸಿಕೊಂಡು ಬಂದವರು ಈ ಸಾಲಿನವರು, ಅಂದುಕೊಂಡೆ.

ಶೆಡ್ ಹತ್ತಿರ ಬಂದಾಗ ಮೊದಲು ಕಿವಿಗೆ ಬಿದ್ದದ್ದು ಸದ್ದು. ನಾನು ಚಿಕ್ಕವಳಿದ್ದಾಗ ಕಲಬುರಗಿಯ ನಮ್ಮ ಓಣಿ ಏಳುತ್ತಿದ್ದುದೇ ರೊಟ್ಟಿ ಬಡಿಯುವ ಸದ್ದಿಗೆ. ಮನೆಮನೆಗೆ ಅದರ ನಡೆ ಬೇರೆ, ನಡುವೆ ಬಳೆಯ ಸದ್ದು ಬೇರೆ. ಸ್ಕೂಲ್ ಯೂನಿಫಾರ್ಮ್ ಹಾಕಿಕೊಂಡು ಹೋಗುತ್ತ, ಯಾರ ಮನೆಯಲ್ಲಿ ಸೊಸೆ ಬಡಿಯುತ್ತಿದ್ದಾಳೆ, ಯಾರ ಮನೆಯಲ್ಲಿ ಅತ್ತೆ ಎಂದು ನಾವು ಹುಡುಗಿಯರು ಪಂದ್ಯ ಕಟ್ಟುತ್ತಿದ್ದೆವು. ಈಗ ಆ ಓಣಿಯಲ್ಲಿ ಕುಕ್ಕರ್ ಸೀಟಿ ಕೇಳುತ್ತದೆ. ಶೆಡ್ಡಿನಿಂದ ಬರುತ್ತಿದ್ದ ಸದ್ದು ಬಡಿತದ್ದೇ, ಆದರೆ ಬಳೆ ಇರಲಿಲ್ಲ.

ನನ್ನನ್ನು ಕಂಡು ಹುಡುಗಿ ಬಾಗಿಲಲ್ಲೇ ನಿಂತುಬಿಟ್ಟಳು. ನಾನು ನೇರ ಒಳಗೆ ಹೋಗಿ ಡಬ್ಬಿಗಳ ಮುಚ್ಚಳ ತೆಗೆಯತೊಡಗಿದೆ. ಒಲೆಯ ಮುಂದೆ ಕೂತಿದ್ದ ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಅವರಲ್ಲಿ ಹಿರಿಯಳನ್ನು ಎಲ್ಲರೂ ಕಾಕು ಅನ್ನುತ್ತಿದ್ದರು. ಅವಳು ಸೆರಗಿನಲ್ಲಿ ನಗು ಮುಚ್ಚಿಕೊಂಡು ಕೇಳಿದಳು:

"ಡಬ್ಬಿ ಡಬ್ಬಿ ತೆಗದು ನೋಡಾಕತ್ತೀರಲ್ರಿ ಅಮ್ಮಾರ, ಯಾರರ ಅಡಗಿ ಕುಂತಾರೇನ್ರಿ ಒಳಗ?"

"ಮೈದಾ ಹುಡುಕಾಕತ್ತಾರ ಕಾಕು" ಎಂದಳು ಹುಡುಗಿ, ಸಿಟ್ಟಿನಲ್ಲೇ.

"ಮೈದಾ? ಅದನ್ನ ತಿಂದ್ರ ಹೊಟ್ಟಿ ಹಿಡಕೋತದ. ನಮಗ್ಯಾಕ ಬೇಕವ್ವ ಅದು?"

ಮೈದಾ ಸಿಗಲಿಲ್ಲ. ಗೋಧಿಯೂ ಇರಲಿಲ್ಲ. ದೊಡ್ಡ ಪೀಪಾಯಿಯಲ್ಲಿದ್ದ ಹಿಟ್ಟನ್ನು ಪರೀಕ್ಷೆ ಮಾಡುತ್ತೇನೆ, ನೀರು ಕೊಡು ಎಂದೆ. ಹುಡುಗಿ ಬೋಗುಣಿ ತಂದಳು. ಆದರೆ ನನ್ನ ಕೈಗೆ ಕೊಡಲಿಲ್ಲ.

"ಮೇಡಂರಿ, ಮೊದಲ ಕೈ ತೊಳಕೊಳ್ರಿ."

"ಯಾಕ?"

"ಬಿಸ್ಕೀಟ್ ತಿಂದೀರಿ. ಸೀರಿ ಮ್ಯಾಲ ಪುಡಿ ಬಿದ್ದದ. ಬಿಸ್ಕೀಟ್ ಮೈದಾದ್ದೇ ಅಲ್ರೀ?"

ಹೆಂಗಸರು ಗೊಳ್ಳೆಂದು ನಕ್ಕರು. ಬೆಂದ ಬಿಸ್ಕೀಟಿನ ಪುಡಿಯಿಂದ ಅಂಟಿನ ಎಳೆ ಬರುವುದಿಲ್ಲ ಎಂದು ಲೆಕ್ಚರ್ ಕೊಡಬಹುದಿತ್ತು. ಕೊಡಲಿಲ್ಲ. ಸೋಪು ಕೇಳಿ ಮೊಣಕೈವರೆಗೆ ತೊಳೆದುಕೊಂಡೆ.

ಎರಡು ಬೋಗುಣಿ ಇಟ್ಟೆ. ಒಂದರಲ್ಲಿ ನಾನು ತಂದ ಗೋಧಿಹಿಟ್ಟನ್ನು ತೊಳೆದೆ. ಬಟ್ಟೆಯಲ್ಲಿ ರಬ್ಬರಿನ ಉಂಡೆ ಉಳಿಯಿತು. ಮತ್ತೆ ಕೈ ತೊಳೆದು ಇನ್ನೊಂದರಲ್ಲಿ ಅವರ ಹಿಟ್ಟನ್ನು ತೊಳೆದೆ. ಏನೂ ಉಳಿಯಲಿಲ್ಲ, ಒಂದಿಷ್ಟು ತೌಡು ಬಿಟ್ಟರೆ.

ಹುಡುಗಿಯ ಕಣ್ಣು ಅರಳಿತು. ನನ್ನ ಸಂಶಯ ಮಾತ್ರ ಇನ್ನೂ ಹೆಚ್ಚಾಯಿತು. ಬಸ್ ಸ್ಟ್ಯಾಂಡಿನಲ್ಲಿ ನನ್ನನ್ನು ಕಂಡು ಯಾರಾದರೂ ಫೋನ್ ಮಾಡಿರಬಹುದು. ಮ್ಯಾನೇಜರನೇ ಊಹಿಸಿ ಹೇಳಿರಬಹುದು. ಬಚ್ಚಿಡಲು ಎಷ್ಟು ಹೊತ್ತು ಬೇಕು?

"ನನ್ನ ಹಿಟ್ಟು ಬಡೀಲಿ ನಿನ್ನ ಮಷಿನ್" ಎಂದೆ.

ಮಷಿನ್ ನೋಡಲು ಏನೂ ಚೆಂದವಿರಲಿಲ್ಲ. ಹೊಲಿಗೆ ಮಷಿನಿನ ಮೋಟಾರು, ಅದರ ಮೇಲೆ ಅಂಗೈ ಅಗಲದ, ರಬ್ಬರು ಹೊದಿಸಿದ ಕಟ್ಟಿಗೆಯ ಪಟ್ಟಿ. ಕೆಳಗೆ ತಿರುಗುವ ತಟ್ಟೆ. ಸುತ್ತ ಒಂದು ತಗಡಿನ ಬಳೆ, ಉಂಡೆ ಅಗಲವಾದಂತೆ ಅದೂ ಸರಿಯುತ್ತ ಅಂಚನ್ನು ಒಳಕ್ಕೆ ತಳ್ಳುತ್ತದೆ. ಪಟ್ಟಿ ಬಡಿಯುತ್ತದೆ, ತಟ್ಟೆ ಒಂದಿಷ್ಟು ತಿರುಗಿ ನಿಲ್ಲುತ್ತದೆ, ಪಟ್ಟಿ ಮತ್ತೆ ಬಡಿಯುತ್ತದೆ.

"ಮೊದಲ ನಾನೂ ಒತ್ತೂದೇ ಮಾಡಿದ್ದೆ ರೀ" ಎಂದಳು ಹುಡುಗಿ. "ಎಲ್ಲಾ ಸೀಳತಿತ್ತು. ಆಮ್ಯಾಲ ಕಾಕುನ ಕೈ ವಿಡಿಯೋ ತಗದು ನಿಧಾನ ಹಚ್ಚಿ ನೋಡ್ದೆ. ಒಂದು ಕೈ ಬಡೀತದ, ಇನ್ನೊಂದು ಕೈ ಅಂಚು ಕಾಯ್ತದ. ಆ ಎರಡನೇ ಕೈನೇ ಈ ಬಳಿ ರೀ."

"ನನ್ನ ಕೈ ಕದ್ದಾಳ ಪೋರಿ" ಎಂದಳು ಕಾಕು. "ಈಗ ನಾ ಬೇಯಿಸೂದಷ್ಟೇ. ರೊಟ್ಟಿ ನೋಡಿದ್ರ ಇದು ಯಾರ ಕೈದು ಅಂತ ತಿಳೀಬೇಕಲ್ರಿ ಅಮ್ಮಾರ? ಇದರದ್ದು ತಿಳಿಯಂಗೇ ಇಲ್ಲ."

ನನಗೆ ಅವಳ ಮೇಲೂ ಒಂದು ಕ್ಷಣ ಅನುಮಾನ ಬಂತು. ಮಷಿನ್ ಬೇಡವಾದವರು ಹಿಟ್ಟು ಕೆಡಿಸಿರಬಹುದಲ್ಲ?

ನನ್ನ ಹಿಟ್ಟನ್ನು ಬಿಸಿನೀರಲ್ಲಿ ನಾದಿ ತಟ್ಟೆಯ ಮೇಲಿಟ್ಟರು. ಹತ್ತು ಬಡಿತ ಬೀಳುವಷ್ಟರಲ್ಲಿ ಅಂಚು ನಾಲ್ಕೂ ಕಡೆ ಸೀಳಿತು. ನೋಡಿದೆಯಾ ಎಂಬಂತೆ ಹುಡುಗಿಯ ಕಡೆ ತಿರುಗಿದೆ. ಕಾಕು ಅದೇ ಹಿಟ್ಟಿನ ಇನ್ನೊಂದು ಉಂಡೆ ತೆಗೆದುಕೊಂಡು ಕೈಯಲ್ಲಿ ಬಡಿದಳು. ಅದೂ ಸೀಳಿತು.

"ಇದು ಯಾವ ಕಾಲದ ಹಿಟ್ಟು ರೀ ಅಮ್ಮಾರ? ಜಿಗೀನೇ ಇಲ್ಲ. ಸತ್ತದ."

ನಾನು ಒಬ್ಬಳಿಗೇ ಅಡುಗೆ ಮಾಡಿಕೊಳ್ಳುವವಳು. ಆ ಹಿಟ್ಟು ಡಬ್ಬಿಗೆ ಬಿದ್ದು ಎರಡು ತಿಂಗಳಾಗಿತ್ತು. ಜೋಳದ ಹಿಟ್ಟು ಹಳತಾದರೆ ಜಿಗಿ ಹೋಗುತ್ತದೆಂದು ಪಾಠ ಮಾಡಿದವಳು ನಾನೇ, ಹಾಗಾಗಿ ನಗುವುದೊಂದೇ ದಾರಿ ಉಳಿದಿತ್ತು.

"ಅದಕ್ಕೇ ರೀ" ಎಂದಳು ಹುಡುಗಿ. "ನಿಮಗ ಕೊಟ್ಟ ಹಿಟ್ಟು ಈ ಪೀಪಾಯಿದಲ್ರಿ. ದೊಡ್ಡೋರು ನೋಡ್ತಾರ, ಹೊಸಾದೇ ಇರ್ಲಿ ಅಂತ ಅವತ್ತ ಮುಂಜಾನಿ ಬ್ಯಾರೆನೇ ಎರಡು ಸೇರು ಬೀಸಿಸಿಕೊಂಡು ಬಂದಿದ್ದೆ."

ನಾನು ಕೈ ಒರೆಸಿಕೊಳ್ಳುತ್ತಿದ್ದವಳು ನಿಂತೆ. ಇಷ್ಟು ದಿನ ಈ ಮಾತನ್ನು ಅವಳು ಹೇಳಿರಲಿಲ್ಲ, ನಾನೂ ಕೇಳಿರಲಿಲ್ಲ.

"ಎಲ್ಲಿ ಬೀಸಿಸಿದಿ?"

"ಇಲ್ಲೇ ಗಿರಣ್ಯಾಗ ರೀ. ಯಾವಾಗ್ಲೂ ಅಲ್ಲೇ."

ಗಿರಣಿ ಎರಡು ಓಣಿ ದಾಟಿದರೆ ಸಿಗುತ್ತದೆ. ಬಾಗಿಲ ಮುಂದೆ ಡಬ್ಬಿ, ಚೀಲಗಳ ಪಾಳಿ. ಗಿರಣಿಯವನು ಮೈಯೆಲ್ಲ ಹಿಟ್ಟಾಗಿ, ರೆಪ್ಪೆ ಕೂಡ ಬಿಳಿಯಾಗಿ ನಿಂತಿದ್ದ. ಇವನೇ ಮೈದಾ ಬೆರೆಸುತ್ತಾನೇನೋ ಎಂದು ಮೂಲೆಮೂಲೆಯನ್ನೂ ಕಣ್ಣಲ್ಲೇ ಜಾಲಾಡಿದೆ. ಅಷ್ಟರಲ್ಲಿ ಪಾಳಿಯಲ್ಲಿ ಜಗಳ ಹತ್ತಿತು.

"ಏ ಚಾಚಾ, ನಂದು ಆಕಿ ಗೋಧಿ ಹಿಂದ ಹಾಕಬ್ಯಾಡ! ನಂದು ಜ್ವಾಳ ಅದ."

"ಮತ್ತ್ಯಾರದು ಹಾಕ್ಲಿ? ನಿನ್ನ ಪಾಳಿನೇ ಅದಲ್ಲ?"

"ಇನ್ನೊಬ್ಬರ ಜ್ವಾಳ ಬರತನ ಕುಂದರ್ತೀನಿ. ಹೋದ ಸಲ ಇವಳ ಗೋಧಿ ಎಲ್ಲಾ ನನ್ನ ಡಬ್ಬ್ಯಾಗೇ ಬಂತು."

"ಬಂದದ್ದು ನನ್ನ ಗೋಧಿ, ಹೋದದ್ದು ನಂದೇ! ನಿನಗೇನು ನಷ್ಟ ಆತು?" ಎಂದಳು ಗೋಧಿಯವಳು.

ಜನ ನಕ್ಕರು. ನಾನು ನಗಲಿಲ್ಲ. ಕಲ್ಲುಗಳ ಸಂದಿಯಲ್ಲಿ, ಹಿಟ್ಟು ಇಳಿಯುವ ಬಟ್ಟೆಯ ತೋಳಿನಲ್ಲಿ ಹಿಂದಿನವರ ಹಿಟ್ಟು ಒಂದಷ್ಟು ನಿಂತಿರುತ್ತದೆ. ಮುಂದಿನವರ ಕಾಳು ಅದನ್ನು ತಳ್ಳಿಕೊಂಡು ಬರುತ್ತದೆ. ಮೂಟೆಗಟ್ಟಲೆ ಬೀಸಿದರೆ ಅದು ಕಣ್ಣಿಗೆ ಕಾಣದು. ಎರಡೇ ಸೇರು ಬೀಸಿದರೆ?

ಹುಡುಗಿಯ ಕಡೆ ತಿರುಗಿದೆ. "ಅವತ್ತು ನೀನು ಯಾರ ಹಿಂದ ಹಾಕಿದ್ದಿ?"

ಅವಳು ಗಿರಣಿಯವನನ್ನು ನೋಡಿದಳು. ಅವನು ತಲೆ ಕೆರೆದುಕೊಂಡ. "ಬೇಟಿ ದೊಡ್ಡ ಆಫೀಸಿಗಿ ಹೋಗ್ತಾಳ, ಟೈಮ್ ಇಲ್ಲ ಅಂದ್ಳ್ರಿ. ಪಾಳಿ ಬಿಡಿಸಿ ನಡುವನೇ ಹಾಕಿಕೊಟ್ಟೆ. ಯಾರ ಹಿಂದ ಅಂತ ಈಗ ಹೆಂಗ ಹೇಳ್ಲಿ? ಕಲ್ಲಿಗಿ ನೆನಪಿರ್ತದೇನ್ರಿ ಮೇಡಂ?"

ದೊಡ್ಡ ಮೂಟೆ ಬೀಸಿಸುವಾಗ ಹುಡುಗಿ ಮೊದಲು ಬಂದ ಹಿಟ್ಟನ್ನು ಬೇರೆ ತೆಗೆದು ದನಕ್ಕೆ ಹಾಕುತ್ತಿದ್ದಳಂತೆ. ಅವತ್ತು ಗೌರವಕ್ಕೆಂದು ತಂದದ್ದು ಎರಡೇ ಸೇರು. ಅದರಲ್ಲಿ ತೆಗೆದು ಎಸೆಯುವುದು ಯಾವುದನ್ನು?

ಕಥೆ ಸರಿಹೊಂದುತ್ತಿತ್ತು. ಸರಿಹೊಂದುವ ಕಥೆಗಳ ಮೇಲೆ ನನಗೆ ಇನ್ನೂ ಹೆಚ್ಚು ಗುಮಾನಿ. ಅಲ್ಲೇ ಪ್ರಯೋಗ ಮಾಡಿದೆ. ಹುಡುಗಿಯ ಶೆಡ್ಡಿನಿಂದ ಒಂದೇ ಮೂಟೆಯ ಜೋಳ ತರಿಸಿ ಎರಡೆರಡು ಸೇರಿನ ಎರಡು ಪಾಲು ಮಾಡಿದೆ. ಒಂದನ್ನು ಗೋಧಿಯ ಹಿಂದೆ ಹಾಕಿಸಿದೆ. ಇನ್ನೊಂದಕ್ಕಾಗಿ ಮೂರು ಜನರ ಜೋಳ ಬೀಸಿ ಮುಗಿಯುವತನಕ ಡಬ್ಬಿ ಹಿಡಿದು ಪಾಳಿಯಲ್ಲಿ ನಿಂತೆ. ಗಿರಣಿಯ ನಲ್ಲಿಯ ಕೆಳಗೇ ಎರಡನ್ನೂ ತೊಳೆದೆ. ಪಾಳಿಯವರೆಲ್ಲ ಜಗಳ ಬಿಟ್ಟು ಸುತ್ತ ನಿಂತಿದ್ದರು. ಒಂದು ಬಟ್ಟೆಯಲ್ಲಿ ತೌಡು. ಇನ್ನೊಂದರಲ್ಲಿ ಬೂದುಬಣ್ಣದ ಎಳೆಗಳು, ಲ್ಯಾಬಿನಲ್ಲಿ ಕಂಡಂಥವೇ.

ಹುಡುಗಿ ಗೋಡೆಗೆ ಒರಗಿ ಕೂತುಬಿಟ್ಟಳು. "ಹಂಗಾರ ನಾ ಸುಳ್ಳು ಹೇಳಿಲ್ರಿ" ಎಂದಳು, ತನಗೇ ಹೇಳಿಕೊಳ್ಳುವಂತೆ.

"ಇಲ್ಲ" ಎಂದೆ. "ಆದ್ರ ಸರ್ಟಿಫಿಕೇಟ್ ಕೊಡಾಕ ಬರಂಗಿಲ್ಲ."

ಅವಳು ತಲೆಯೆತ್ತಿದಳು. ಆ ನೋಟವನ್ನು ನಾನು ಮರೆತಿಲ್ಲ.

ನಾನು ರಿಪೋರ್ಟಿನಲ್ಲಿ ಬರೆದದ್ದು ಇಷ್ಟು: ಮಷಿನ್ ಒಳ್ಳೆಯದು, ಅದರಲ್ಲಿ ಮೋಸವಿಲ್ಲ. ಹಿಟ್ಟಿನಲ್ಲಿ ಬೆರಕೆ ಗಿರಣಿಯಿಂದ ಬಂದಿದೆ. ದೊಡ್ಡ ಮೂಟೆಯಲ್ಲಿ ಅದು ನನ್ನ ಬಟ್ಟೆಗೆ ಸಿಗದಿರಬಹುದು, ಆದರೆ ಗೋಧಿ ಒಗ್ಗದ ಮಗುವಿನ ಕರುಳಿಗೆ ಸಿಗುತ್ತದೆ. ಗೋಧಿ ಮುಟ್ಟದ ಕಲ್ಲಿನಲ್ಲಿ ಬೀಸುವ ತನಕ ಆಸ್ಪತ್ರೆಗೆ ಕಳಿಸಬಾರದು.

ಮ್ಯಾನೇಜರ್ ಓದಿ ಮುಖ ಸಿಂಡರಿಸಿದ. "ಮೇಡಂ, ಇದು ಪಾಸೂ ಅಲ್ಲ, ಫೇಲೂ ಅಲ್ಲ. ಪ್ರೆಸೆಂಟೇಶನ್‌ದಾಗ ಹೆಂಗ ಹಾಕ್ಲಿ?" ಹಾಕಬೇಡ ಎಂದೆ.

ಹುಡುಗಿ ಫೋನ್ ಮಾಡಿದಳು. "ಖರೇ ಏನದ ಅಂತ ನೀವೇ ಕಂಡುಹಿಡದ್ರಿ. ಬಾಗಲಾನೂ ನೀವೇ ಹಾಕಿದ್ರಿ" ಎಂದು ಇಟ್ಟುಬಿಟ್ಟಳು. ಆ ವಾರ ಅವಳ ಹೆಂಗಸರಲ್ಲಿ ಅರ್ಧ ಜನ ತೊಗರಿ ಹೊಲಕ್ಕೆ ವಾಪಸ್ ಹೋದರೆಂದು ಆಮೇಲೆ ತಿಳಿಯಿತು. ಬರೆದದ್ದು ಸರಿಯೆಂದು ಗೊತ್ತಿದ್ದೂ ನನಗೆ ಊಟ ಸೇರಲಿಲ್ಲ.

ದಾರಿ ತೆರೆದದ್ದು ಗಿರಣಿಯ ಹಿಂದುಗಡೆಯ ಕೋಣೆಯಲ್ಲಿ. ಅಲ್ಲಿ ಗಿರಣಿಯವನ ತಂದೆಯ ಕಾಲದ ಒಂದು ಹಳೆಯ ಗಿರಣಿ ಬೆಲ್ಟ್ ಇಲ್ಲದೆ ಬಿದ್ದಿತ್ತು. ಹುಡುಗಿ ಅದನ್ನು ಬಿಚ್ಚಿ, ಕಲ್ಲುಗಳನ್ನು ಹೊಸದಾಗಿ ಕಟೆಸಿ, ಮೋಟಾರು ಜೋಡಿಸಿದಳು. ಅದಕ್ಕೆ ಜೋಳ ಬಿಟ್ಟು ಬೇರೇನೂ ಹಾಕಬಾರದೆಂಬ ಕರಾರು. ಗಿರಣಿಯವನಿಗೆ ಮೊದಲು ನಂಬಿಕೆ ಇರಲಿಲ್ಲ. "ಒಂದೇ ರೊಟ್ಟಿ ಶೆಡ್ ಸಲುವಾಗಿ ಒಂದು ಗಿರಣಿ ಯಾರರ ನಡಸ್ತಾರೇನ್ರಿ?" ಎಂದು ನನ್ನನ್ನೇ ಕೇಳಿದ್ದ. ಆದರೆ ಗೋಧಿಯ ಹಿಂದೆ ನಿಲ್ಲಲು ಒಲ್ಲದ ಹೆಂಗಸರೆಲ್ಲ ಆ ಕೋಣೆಯ ಮುಂದೆ ಪಾಳಿ ಹಚ್ಚಿದರು. ಸುತ್ತಲಿನ ಹಳ್ಳಿಗಳಿಂದಲೂ ಜೋಳದ ಚೀಲ ಬರತೊಡಗಿತು. ಸೆಂಟರಿನ ಹಾಲಿನಲ್ಲಿ ನಾವು ಮಷಿನ್ ಒಂದನ್ನೇ ಇನ್ನೊವೇಶನ್ ಎಂದು ನೋಡುತ್ತಿದ್ದೆವು. ಅದು ಕಾಲಿಡಲು ಜಾಗ ಬೇಕಾದಾಗ ಇನ್ನೊಬ್ಬನ ಸತ್ತ ಗಿರಣಿಗೆ ಜೀವ ಬಂತು. ಒಂದೂರಿನ ಎಕಾನಮಿ ಅಂದರೆ ಬಹುಶಃ ಹೀಗೆ ಒಬ್ಬರ ಹಿಂದೆ ಒಬ್ಬರು ನಿಲ್ಲುವ ಪಾಳಿಯೇ ಏನೋ.

ಹೊಸ ಹಿಟ್ಟನ್ನು ನನ್ನ ಬಟ್ಟೆಯನ್ನಷ್ಟೇ ನಂಬದೆ ದೊಡ್ಡ ಲ್ಯಾಬಿಗೂ ಕಳಿಸಿದೆವು. ಗೋಧಿಯಿಲ್ಲವೆಂದು ಬಂತು. ಆರ್ಡರ್ ಸಿಕ್ಕಿತು. ತೊಗರಿ ಹೊಲದಿಂದ ಹೆಂಗಸರು ಮರಳಿದರು, ಕಾಕು ಒಬ್ಬಳನ್ನು ಬಿಟ್ಟು. ಅವಳು ಈಗ ಊರವರಿಗೆ ಕೈರೊಟ್ಟಿ ಬಡಿದುಕೊಡುತ್ತಾಳೆ. ಹಿಟ್ಟು ಮಾತ್ರ ಹುಡುಗಿ ಜೋಡಿಸಿದ ಆ ಹಳೆಯ ಗಿರಣಿಯದೇ.

ನಾನು ಈಗಲೂ ಆಗಾಗ ಹೇಳದೆ ಕೇಳದೆ ಕಮಲಾಪುರಕ್ಕೆ ಹೋಗುತ್ತೇನೆ. ಹುಡುಗಿ ಸ್ವಾಗತ ಮಾಡುವುದಿಲ್ಲ, ಯಾಕೆ ಬಂದಿರಿ ಎಂದು ಕೇಳುವುದೂ ಇಲ್ಲ. ಬೋಗುಣಿ, ನೀರು, ಬಟ್ಟೆ ತಂದು ಮುಂದಿಡುತ್ತಾಳೆ. ನನ್ನ ಸೀರೆಯ ಮೇಲೊಮ್ಮೆ ಕಣ್ಣಾಡಿಸುತ್ತಾಳೆ. ಆಮೇಲೆ ಸೋಪಿನ ಡಬ್ಬಿ ಸರಿಸುತ್ತ ಹೇಳುತ್ತಾಳೆ:

"ಮೇಡಂರಿ, ಮೊದಲ ಕೈ."